ಕಂಚಿನ ಬಾಬಾ

ಕೋಟ್ ಬೂಟಾ ಊರಿನ ಹಳೆಯ ಧರ್ಮಶಾಲೆಯ ಗೋಡೆಯಲ್ಲಿ ಒಂದು ಅಮೃತಶಿಲೆಯ ಹಲಗೆ ಇದೆ. ಬ್ರಿಟಿಷರು ಹಾಕಿಸಿದ್ದು. 'ಈ ಊರಿನಿಂದ 1914–1919ರ ಮಹಾಯುದ್ಧಕ್ಕೆ ಹೋದವರು 46. ಅವರಲ್ಲಿ ಪ್ರಾಣ ಕೊಟ್ಟವರು 7' ಎಂದು ಅದರ ಮೇಲೆ ಇಂಗ್ಲಿಷಿನಲ್ಲಿ ಕೆತ್ತಿದ್ದಾರೆ. ಹೆಸರುಗಳಿಲ್ಲ. ಪಂಜಾಬಿನ ಎಷ್ಟೋ ಊರುಗಳಲ್ಲಿ ಇಂಥದೇ ಹಲಗೆಗಳಿವೆ, ಅಂಕಿ ಮಾತ್ರ ಬೇರೆ.

ಆ ಏಳು ಜನ ಯಾರೆಂದು ಬಹಳ ಕಾಲ ಯಾರೂ ಕೇಳಲಿಲ್ಲ. 2018ರಲ್ಲಿ, ಯುದ್ಧ ಮುಗಿದು ನೂರು ವರ್ಷ ತುಂಬುವ ಹೊತ್ತಿಗೆ, ಗುರುದ್ವಾರದ ಸಮಿತಿಯವರು ಶಾಲೆಯ ಬಾಗಿಲ ಬಳಿ ಹೊಸ ಕಲ್ಲು ನಿಲ್ಲಿಸಿ ಏಳೂ ಹೆಸರು ಕೆತ್ತಿಸುವುದೆಂದು ತೀರ್ಮಾನಿಸಿದರು. ಹೆಸರು ಹುಡುಕುವ ಕೆಲಸ ನಿವೃತ್ತ ಮೇಜರ್ ಪರ್ದುಮನ್ ಸಿಂಗರ ಪಾಲಿಗೆ ಬಂತು. ಅವರು ಪಟಿಯಾಲಾದವರು. ಬ್ರಿಟಿಷರ ಕಾಲದ ಸಿಖ್ ಪಲ್ಟಣಗಳ ಮೇಲೆ ನಾಲ್ಕು ಪುಸ್ತಕ ಬರೆದಿದ್ದರು. ಐದನೆಯದನ್ನು ಈ ಸೀಮೆಯ ಸಿಪಾಯಿಗಳ ಮೇಲೆ ಬರೆಯುತ್ತಿದ್ದರು.

ಮೇಜರ್ ಸಾಹೇಬರಿಗೆ ಒಂದು ಹಟವಿತ್ತು. ಮನೆಯವರ ಬಾಯಿಮಾತನ್ನು ನಂಬಿ ಒಂದು ಹೆಸರನ್ನೂ ಬರೆಯುವುದಿಲ್ಲ, ಸತ್ತದ್ದಕ್ಕೆ ಗುರುತು ಕೈಗೆ ಸಿಗಬೇಕು. ಹಟಕ್ಕೆ ಕಾರಣವೂ ಇತ್ತು. ಮೂರನೆಯ ಪುಸ್ತಕದಲ್ಲಿ ಅವರು ಫ್ರಾನ್ಸಿನಲ್ಲಿ ಹುತಾತ್ಮನಾದನೆಂದು ಬರೆದಿದ್ದ ಒಬ್ಬ ಸಿಪಾಯಿಯ ಮೊಮ್ಮಗ ಫೋನ್ ಮಾಡಿ, ತನ್ನ ಅಜ್ಜ 1951ರಲ್ಲಿ ಏಣಿಯಿಂದ ಬಿದ್ದು ಸತ್ತದ್ದೆಂದು ತಿಳಿಸಿದ್ದ.

ಬೇಸಿಗೆ ಮುಗಿಯುವುದರೊಳಗೆ ಆರು ಹೆಸರು ಸಿಕ್ಕವು. ಆರೂ ಊರ ನಡುವಿನ, ಜಮೀನುಳ್ಳ ಜಟ್ ಜಾತಿಯ ಮನೆಗಳವು. ಏಳನೆಯ ಜಾಗಕ್ಕೆ ಎರಡು ಮನೆಯವರು ನಿಂತರು. ಒಬ್ಬರು ನಂಬರ್‌ದಾರ್ ಲಖ್ಮೀರ್ ಸಿಂಗ್, ಅಂದರೆ ಊರ ಕಂದಾಯದ ಮುಖಂಡ. ತನ್ನ ಅಜ್ಜನ ಅಣ್ಣ ಸೈನ್ಯಕ್ಕೆ ಹೋದವನು ಮರಳಲಿಲ್ಲ ಎಂದು ಅವನ ವಾದ. ಅವನ ಬಳಿ ಇದ್ದದ್ದು ಸಮವಸ್ತ್ರ ತೊಟ್ಟು ಕುರ್ಚಿಯ ಪಕ್ಕ ನಿಂತ ಒಂದು ಫೋಟೋ. ಫೋಟೋ ತೆಗೆಸಿಕೊಂಡ ಮಾತ್ರಕ್ಕೆ ಸತ್ತ ಹಾಗಾಗುವುದಿಲ್ಲ ಎಂದು ಮೇಜರ್ ಅದನ್ನು ಹಿಂದಿರುಗಿಸಿದ್ದರು.

ಇನ್ನೊಂದು, ಪಶ್ಚಿಮದ ಕೇರಿಯಲ್ಲಿರುವ ಬಚಿಂತ್ ಕೌರಳ ಮನೆ. ಆ ಕೇರಿಯಲ್ಲಿ ದಲಿತರಾದ ಮಝಬಿ ಸಿಖ್ಖರ ಮನೆಗಳಿವೆ. ಅವರಿಗೆ ಗುರುದ್ವಾರ ಬೇರೆ, ಸುಡುಗಾಡೂ ಬೇರೆ. ಬ್ರಿಟಿಷರ ಸೈನ್ಯ ಅವರನ್ನು ಹೆಚ್ಚಾಗಿ ಪಯನೀರ್ ಪಲ್ಟಣಗಳಿಗೆ ಸೇರಿಸಿಕೊಳ್ಳುತ್ತಿತ್ತು. ಹೆಗಲಿಗೆ ಬಂದೂಕು, ಬೆನ್ನಿಗೆ ಗುದ್ದಲಿ. ದಾರಿ ಕಡಿಯುವುದು, ಕಂದಕ ತೋಡುವುದು, ಬೇಕಾದಾಗ ಕಾದಾಡುವುದು. ಬಚಿಂತ್ ಕೌರಳ ಗಂಡನ ಅಜ್ಜ ವಸಾವಾ ಸಿಂಗ್ ಅಂಥ ಒಂದು ಪಲ್ಟಣದಲ್ಲಿದ್ದ. 1917ರಲ್ಲಿ ಮೆಸಪಟೋಮಿಯಾದ ಟೈಗ್ರಿಸ್ ನದಿಯ ದಡದಲ್ಲಿ ಸತ್ತ. ಹೆಣ ಸಿಗಲಿಲ್ಲ. ಅಲ್ಲಿ ಸತ್ತವರಿಗಾಗಿ ಬಸ್ರಾದಲ್ಲಿ ದೊಡ್ಡ ಸ್ಮಾರಕ ಕಟ್ಟಿದಾಗ ಅಧಿಕಾರಿಗಳ ಹೆಸರು ಕೆತ್ತಿದರು. ನಮ್ಮ ಕಡೆಯ ಸಿಪಾಯಿಗಳಿಗೆ ಪಲ್ಟಣವಾರು ಲೆಕ್ಕ ಮಾತ್ರ ಹಾಕಿದರು. ಪಯನೀರ್ ಪಲ್ಟಣಗಳನ್ನೇ ಮೂವತ್ತರ ದಶಕದಲ್ಲಿ ವಿಸರ್ಜಿಸಿದರು, ಅವುಗಳ ದಾಖಲೆಯೂ ಚದುರಿಹೋಯಿತು. ಮನೆಗೆ ಬಂದಿದ್ದ ಕಾಗದಪತ್ರವೆಲ್ಲ 1955ರ ಪ್ರವಾಹದಲ್ಲಿ ಗೋಡೆಯ ಜೊತೆ ಕರಗಿತು.

ಉಳಿದದ್ದು ಒಂದು ಕಂಚಿನ ಬಿಲ್ಲೆ. ಅಂಗೈಗಿಂತ ದೊಡ್ಡದು, ದುಂಡಗೆ, ಒಳ್ಳೆಯ ತೂಕ. ಯುದ್ಧದಲ್ಲಿ ಸತ್ತವನ ಮನೆಗೆ ಮಾತ್ರ ಬ್ರಿಟಿಷರು ಅದನ್ನು ಕಳಿಸುತ್ತಿದ್ದರು. ಅದರಲ್ಲಿ ಶಿರಸ್ತ್ರಾಣ ತೊಟ್ಟ ಒಬ್ಬ ಹೆಂಗಸು, ಕೈಯಲ್ಲಿ ಹೂಬಳ್ಳಿಯ ಹಾರ, ಮುಂದೆ ಸಿಂಹ. ಹಾರದ ಕೆಳಗಿನ ಉದ್ದನೆಯ ಚೌಕದಲ್ಲಿ ಸತ್ತವನ ಹೆಸರು, ಎರಕದಲ್ಲೇ ಉಬ್ಬಿ ಬಂದ ಅಕ್ಷರಗಳಲ್ಲಿ.

ಮನೆಯವರು ಬಿಲ್ಲೆಯನ್ನೇ ಬಾಬಾ, ಅಂದರೆ ಅಜ್ಜ, ಎನ್ನುತ್ತಿದ್ದರು. ಪ್ರತಿ ತಿಂಗಳ ಮೊದಲ ದಿನ, ಸಂಗ್ರಾಂದ್‌ನ ಬೆಳಿಗ್ಗೆ, ಬಾಬಾಗೆ ಸ್ನಾನ. ಒಲೆಯ ಬೂದಿ, ಜರಡಿ ಹಿಡಿದ ಇಟ್ಟಿಗೆಪುಡಿ, ಹುಳಿ ಮಜ್ಜಿಗೆ, ಸೆಣಬಿನ ಉಂಡೆ. ವಸಾವಾ ಸಿಂಗನ ವಿಧವೆ ಶುರು ಮಾಡಿದ್ದು. ಅವಳ ಸೊಸೆ ಮುಂದುವರಿಸಿದಳು. ಮದುವೆಯಾಗಿ ಬಂದಂದಿನಿಂದ ಬಚಿಂತ್ ಕೌರ್ ಮಾಡುತ್ತಿದ್ದಳು. ಈಗ ಅವಳಿಗೆ ಎಂಬತ್ತರ ಹತ್ತಿರ. ಮಗ ನಿಶಾನ್ ಸಿಂಗ್ ಸಿಖ್ ಲೈಟ್ ಇನ್‌ಫೆಂಟ್ರಿಯಲ್ಲಿ ಹವಲ್ದಾರನಾಗಿದ್ದಾಗ ರಜೆಗೆ ಬಂದರೆ ಕ್ಯಾಂಟೀನಿನಿಂದ ಹಿತ್ತಾಳೆಯ ಪಾಲಿಶ್ ತಂದು, ಪೆರೇಡಿಗೆ ಬಕಲ್ ಉಜ್ಜುವ ಹಾಗೆ ಅದನ್ನೂ ಉಜ್ಜುತ್ತಿದ್ದ.

ಕೇರಿಯ ಗುರುದ್ವಾರದಲ್ಲಿ ಗ್ರಂಥ ಓದುವ ಗ್ರಂಥಿ ಒಮ್ಮೆ ಗದರಿದ್ದ. "ಬಚಿಂತ್ ಕೌರ್, ಇದು ಮೂರ್ತಿಪೂಜೆ ಆಗ್ತದೆ ನೋಡು."

"ಪೂಜೆ ಎಲ್ಲಿ ಮಾಡ್ತಿದೀನಿ ಗ್ಯಾನಿಜೀ? ಪಾತ್ರೆ ತೊಳೀತಿದೀನಿ."

ಕಿರಾಣಿ ಅಂಗಡಿಯ ಲಾಲಾನ ಹೆಂಡತಿಯಂತೂ ಸಿಂಹ ಕಂಡವಳೇ ದುರ್ಗಾಮಾತೆಯೆಂದು ತಿಳಿದು, ನವರಾತ್ರಿಯಲ್ಲಿ ಬಂದು ಕೈ ಮುಗಿದು ಹೋಗುತ್ತಿದ್ದಳು. ಬಚಿಂತ್ ಕೌರ್ ಅದನ್ನು ತಿದ್ದಲು ಹೋಗಲಿಲ್ಲ.

ಅಕ್ಟೋಬರಿನ ಒಂದು ಭಾನುವಾರ ಮಧ್ಯಾಹ್ನ ಮೇಜರ್ ಕೇರಿಗೆ ಬಂದರು. ನಿಶಾನ್ ಸಿಂಗ್ ಈಗ ಹತ್ತಿರದ ಪೇಟೆ ಜಂಡಿಯಾಲಾದ ಒಂದು ಬ್ಯಾಂಕಿನಲ್ಲಿ ಕಾವಲುಗಾರ, ಅವತ್ತು ರಜೆ. ಸೆಲ್ಯೂಟ್ ಹೊಡೆದು, ಮಂಚದ ಮೇಲೆ ನೂಲಿನ ಹೊಸ ಹಾಸು, ಖೇಸ್, ಹಾಸಿ ಕೂರಿಸಿದ. ಚಹಾ ಬಂತು, ಕರಿದ ಮಠ್ಠಿ ಬಂತು.

"ಬೇಬೆ, ಒಂದ್ಸಲ ಬಾಬಾನ್ನ ತೋರಿಸ್ತೀರಾ?" ಎಂದರು ಮೇಜರ್. ಈ ಕಡೆ ತಾಯಿಯನ್ನೂ ವಯಸ್ಸಾದ ಹೆಂಗಸರನ್ನೂ ಬೇಬೆ ಎನ್ನುತ್ತಾರೆ.

"ಅಯ್ಯೋ ತೋರಿಸ್ದೇ ಇರ್ತೀನಾ. ಸಂಗ್ರಾಂದ್ ಇನ್ನೂ ಬಂದಿಲ್ಲ, ಆದ್ರೂ ನೀವು ಬರ್ತೀರಾ ಅಂತ ನಿನ್ನೇನೇ ಸ್ನಾನ ಮಾಡಿಸಿದೀನಿ."

ಪೆಟ್ಟಿಗೆಯಿಂದ ಹಳದಿ ಬಟ್ಟೆಯ ಗಂಟು ತಂದು ಅವರ ಕೈಗೆ ಕೊಟ್ಟಳು. ಬಟ್ಟೆ ಬಿಚ್ಚಿದಾಗ ಬಿಸಿಲು ಬಿದ್ದು ಮೇಜರ್ ಕಣ್ಣು ಕಿರಿದು ಮಾಡಿದರು. ಅಷ್ಟು ಹೊಳೆಯುವ ಬಿಲ್ಲೆಯನ್ನು ಅವರು ನೋಡಿರಲಿಲ್ಲ. ಬೇರೆ ಮನೆಗಳಲ್ಲಿ ಸಿಕ್ಕವು ಕಪ್ಪಗೋ ಹಸಿರಾಗೋ ಇರುತ್ತಿದ್ದವು. ಒಂದನ್ನು ಹಾಲಿನ ಪಾತ್ರೆಗೆ ಮುಚ್ಚಳ ಮಾಡಿದ್ದರು.

"ನನ್ನ ಅತ್ತೆ ಹೇಳೋರು, ಮೊಖ ಕಾಣ್ಬೇಕು ಅದರಲ್ಲಿ ಅಂತ. ಕಾಣುತ್ತಾ?"

"ಕಾಣುತ್ತೆ ಬೇಬೆ."

ಅವರಿಗೆ ತಮ್ಮ ಮುಖವೇ ಕಾಣುತ್ತಿತ್ತು. ಸಿಂಹ ಒಂದು ಉಬ್ಬಾಗಿ ಉಳಿದಿತ್ತು, ನಾಯಿಯೋ ಕುರಿಯೋ ಅನ್ನಬಹುದಾಗಿತ್ತು. ಹೆಂಗಸಿಗೆ ಕಣ್ಣು ಮೂಗು ಇರಲಿಲ್ಲ. ಹಾರದ ಕೆಳಗಿನ ಚೌಕದಲ್ಲಿ ಏನೂ ಇರಲಿಲ್ಲ. ಮೇಜರ್ ಎದ್ದು ಅಂಗಳದ ಅಂಚಿಗೆ ಹೋಗಿ ಬೆಳಕಿಗೆ ಓರೆ ಹಿಡಿದರು. ಜೇಬಿನಿಂದ ಭೂತಗನ್ನಡಿ ತೆಗೆದರು. ಬಿಲ್ಲೆಯ ಮೇಲೆ ತೆಳು ಕಾಗದ ಇಟ್ಟು ಪೆನ್ಸಿಲಿನಿಂದ ಮೆಲ್ಲಗೆ ತಿಕ್ಕಿದರು. ಕಾಗದದ ಮೇಲೆ ಹೆಂಗಸಿನ ಆಕಾರ ಮೂಡಿತು, ಚೌಕದ ಗೆರೆ ಮೂಡಿತು, ಚೌಕದೊಳಗೆ ಬರೀ ಬೂದುಬಣ್ಣ.

"ವಸಾವಾ ಸಿಂಗ್ ಅಂತಿದೆ ಸಾಹೇಬರೇ," ಎಂದ ನಿಶಾನ್ ಸಿಂಗ್.

"ನೀವು ಓದಿದೀರಾ ಹವಲ್ದಾರ್?"

"ಅಪ್ಪ ತೋರಿಸಿದ್ರು. ಬೆರಳಿಟ್ಟು. ಇಲ್ಲೇ."

"ನೀವು ಓದಿದೀರಾ?"

ನಿಶಾನ್ ಸಿಂಗ್ ಬಿಲ್ಲೆ ಈಸಿಕೊಂಡು ನೋಡಿದ. ಅವನು ಅದನ್ನು ಎಷ್ಟೋ ಸಲ ಉಜ್ಜಿದ್ದ, ಒಮ್ಮೆಯೂ ಓದಿರಲಿಲ್ಲ. ಗೊತ್ತಿದ್ದ ಹೆಸರನ್ನು ಓದುವ ಅಗತ್ಯ ಬಿದ್ದಿರಲಿಲ್ಲ. ಹಿಂದಕ್ಕೆ ಕೊಟ್ಟ.

ಮೇಜರ್ ಮತ್ತೆ ಭೂತಗನ್ನಡಿ ಹಿಡಿದರು. ಚೌಕದ ಬಲತುದಿಯಲ್ಲಿ, ಹೆಂಗಸಿನ ನಿಲುವಂಗಿಯ ಉಬ್ಬು ಅಡ್ಡವಿದ್ದ ಕಡೆ, ಸೆಣಬಿನ ಉಂಡೆ ಸರಿಯಾಗಿ ತಾಗಿರಲಿಲ್ಲ. ಅಲ್ಲಿ ಎರಡು ಇಂಗ್ಲಿಷ್ ಅಕ್ಷರ ಮಸುಕಾಗಿ ಉಳಿದಿದ್ದವು. ಜಿ, ಎಚ್.

"ಸಿಂಗ್ ಅನ್ನೋದರ ಕೊನೆ ಇದು," ಎಂದರು. "ಆದ್ರೆ ಸಿಂಗ್ ಅಲ್ಲದೋರು ಈ ಊರಲ್ಲಿ ಯಾರಿದಾರೆ?"

ಬಚಿಂತ್ ಕೌರ್ ಇಬ್ಬರ ಮುಖವನ್ನೂ ನೋಡಿದಳು. "ಯಾಕೆ, ಕೊಳೆ ಇದೆಯಾ? ಇನ್ನೊಂದ್ಸಲ ಉಜ್ಜಲಾ?"

"ಬೇಡ ಬೇಬೆ," ಎಂದು ಇಬ್ಬರೂ ಒಟ್ಟಿಗೆ ಹೇಳಿದರು.

ಹೊರಡುವಾಗ ಮೇಜರ್ ಇಷ್ಟೇ ಹೇಳಿದರು: "ಮುಂದಿನ ಭಾನುವಾರ ಒಳ್ಳೆ ಕ್ಯಾಮೆರಾ ತಗೊಂಡು ಬರ್ತೀನಿ." ಅವರ ಮನಸ್ಸಿನಲ್ಲಿ ಒಂದು ಯೋಚನೆ ಇತ್ತು. ಈ ಬಿಲ್ಲೆ ಸತ್ತವರ ಮನೆಗೆ ಮಾತ್ರ ಬಂದದ್ದು. ಕೊನೆಯ ಎರಡು ಅಕ್ಷರ ಇವೆ. ನಂಬರ್‌ದಾರನ ಬಳಿ ಅಷ್ಟೂ ಇಲ್ಲ. ಒಳ್ಳೆಯ ಚಿತ್ರ ಬಂದರೆ, ಹೆಸರು ಸವೆದಿದೆ ಎಂದು ನೇರವಾಗಿ ಬರೆದು, ಏಳನೆಯವನು ಬಹುಶಃ ಇವನೇ ಎಂದು ಸಮಿತಿಗೆ ಹೇಳಬಹುದು. ಆದರೆ ಖಚಿತವಾಗದೆ ಆಸೆ ಹುಟ್ಟಿಸಬಾರದೆಂದು ಅದನ್ನು ಬಾಯಿಬಿಟ್ಟು ಹೇಳಲಿಲ್ಲ.

ಸುದ್ದಿ ಊರೊಳಗೆ ಹೋಗಲು ತಡವಾಗಲಿಲ್ಲ. ಮರುದಿನ ನಿಶಾನ್ ಸಿಂಗ್ ಸೈಕಲ್ ತಳ್ಳಿಕೊಂಡು ಹೋಗುವಾಗ ನಂಬರ್‌ದಾರ್ ಲಖ್ಮೀರ್ ಸಿಂಗ್ ಆಲದ ಕಟ್ಟೆಯ ಮೇಲಿಂದ ಕೂಗಿದ.

"ಏನಪ್ಪಾ ಹವಲ್ದಾರ್, ನಿಮ್ಮ ಬಾಬಾ ಸ್ನಾನ ಮಾಡ್ತಾ ಮಾಡ್ತಾ ಕರಗಿಹೋದ್ರಂತೆ?"

ಕಟ್ಟೆಯ ಮೇಲಿದ್ದವರು ನಕ್ಕರು.

"ನಿಮ್ಮೋರು ಫೋಟೋ ಸ್ಟುಡಿಯೋದಲ್ಲೇ ಹುತಾತ್ಮರಾದ್ರು ಅಂತ ಕೇಳ್ಪಟ್ಟೆ," ಎಂದ ನಿಶಾನ್ ಸಿಂಗ್. ಆಗಲೂ ನಕ್ಕರು, ಸ್ವಲ್ಪ ಕಡಿಮೆ.

ಸಂಜೆ ತಾಯಿ ಒಲೆಯ ಮುಂದೆ ಕೂತು ರೊಟ್ಟಿ ತಟ್ಟುತ್ತಿದ್ದಳು. ಅವನು ಊಟಕ್ಕೆ ಕೂತ.

"ಎಲ್ಲಿ ಹೋಯ್ತು ಹೆಸರು?" ಎಂದು ಕೇಳಿದಳು.

"ಸವೆದೋಗಿದೆ ಬೇಬೆ."

"ಕಂಚು ಸವೆಯುತ್ತಾ?"

"ಸವೆಯುತ್ತೆ."

"ನಿನ್ನ ಬೆಲ್ಟಿನ ಬಕಲ್ ದಿನಾ ಉಜ್ತಿದ್ದೆಯಲ್ಲ. ಅದು?"

"ಅದೂ ಸವೀತಿತ್ತು. ಸ್ಟೋರಿಂದ ಹೊಸದು ಕೊಡ್ತಿದ್ರು."

ಅವಳು ರೊಟ್ಟಿ ತಿರುವಿ ಹಾಕಿದಳು. "ಯಾರು ಸವೆಸಿದ್ದು? ನಾನಾ?"

"ಎಲ್ಲರೂ. ನಾನೂ ಉಜ್ಜಿದೀನಿ."

"ನೀನು ಎಷ್ಟು ಉಜ್ಜಿರ್ತೀಯ. ರಜೆಗೆ ಬಂದಾಗ."

ಸ್ವಲ್ಪ ಹೊತ್ತಿನ ಮೇಲೆ ಅವಳೇ ದಾರಿ ಹೇಳಿದಳು. ಗೋಡೆಯ ಹಲಗೆಯ ಮೇಲಿನ ಹಿತ್ತಾಳೆಯ ಪರಾತ, ಗಡಿಗೆ, ಲೋಟಗಳನ್ನು ತೋರಿಸಿದಳು. ತವರಿನಿಂದ ಬಂದವು. ಈ ಕಡೆ ಮದುವೆಯ ಪಾತ್ರೆಗಳ ಮೇಲೆ ಹೆಣ್ಣಿನ ಹೆಸರು ಬರೆಸಿ ಕೊಡುವುದು ಪದ್ಧತಿ. ಗುರುದ್ವಾರದ ಲಂಗರಿನ ಅಡುಗೆಗೆ, ಮದುವೆಗೆ ಎರವಲು ಹೋದರೆ ಹೆಸರು ನೋಡಿ ಹಿಂದಿರುಗಿಸುತ್ತಾರೆ. ತಿಕ್ಕಿ ತಿಕ್ಕಿ ಹೆಸರು ಅಳಿಸಿದರೆ ಜಂಡಿಯಾಲಾದ ಕಂಚುಗಾರರ ಬೀದಿಗೆ ಒಯ್ದು ಮತ್ತೆ ಕೊರೆಸುತ್ತಾರೆ. ಬಚಿಂತ್ ಕೌರಳ ಹೆಸರನ್ನು ಹಾಗೆ ಎರಡು ಸಲ ಕೊರೆಸಿದ್ದರು.

"ಬಾಬಾನ ಹೆಸರೂ ಬರೆಸ್ಕೊಂಡು ಬಾ. ಸಾಹೇಬರು ಭಾನುವಾರ ಕ್ಯಾಮೆರಾ ತರ್ತಾರೆ."

"ಅದು ಸರಿಯಾಗುತ್ತಾ ಬೇಬೆ?"

"ಇಲ್ಲದ್ದು ಬರೆಸೋಕೆ ಹೇಳಿದ್ನಾ? ಇದ್ದಿದ್ದೇ ತಾನೆ. ನನ್ನ ಪರಾತದ ಮೇಲೆ ನನ್ನ ಹೆಸರು ಬರೆಸಿದ್ರೆ ಅದು ಸುಳ್ಳಾ?"

ನಿಶಾನ್ ಸಿಂಗನಿಗೆ ಅದರಲ್ಲಿ ತಪ್ಪು ಕಾಣಲಿಲ್ಲ. ಸೈನ್ಯದಲ್ಲಿಯೂ ಬಣ್ಣ ಹೋದ ನಂಬರನ್ನು ಮತ್ತೆ ಬರೆಯುತ್ತಿದ್ದರು.

ಕಂಚುಗಾರ ತೀರಥ್ ರಾಮ್ ಬಿಲ್ಲೆಯನ್ನು ಕೈಯಲ್ಲಿ ತೂಗಿ ನೋಡಿದ.

"ಒಳ್ಳೇ ಮಾಲು. ನಮ್ಮಪ್ಪನ ಕಾಲದಲ್ಲಿ ಇಂಥವು ಬರ್ತಿದ್ವಂತೆ. ಕರಗಿಸಿ ಬಟ್ಟಲು ಮಾಡಿ ಕೊಡ್ತಿದ್ರು."

"ಹೆಸರು ಮತ್ತೆ ಬರಬೇಕು. ಮೊದಲಿದ್ದ ಹಾಗೆ, ಉಬ್ಬಿ."

"ಎರಕದಲ್ಲಿ ಎದ್ದು ಬಂದ ಅಕ್ಷರ ಭಾಯಿ. ಹೋಗಿದ್ದು ಬೂದಿನೀರಿನ ಜೊತೆ ನಿಮ್ಮ ಚರಂಡಿಗೆ ಹೋಯ್ತು. ಎಬ್ಬಿಸೋಕಾಗಲ್ಲ, ಕೊರೀಬಹುದು." ಉಗುರಿನಿಂದ ಚೌಕದ ತುದಿ ಸವರಿದ. "ಇಲ್ಲೆರಡು ಗೀರು ಇವೆ. ಇವನ್ನ ಅರದಿಂದ ತೆಗೆದು ಸಮ ಮಾಡ್ಕೊಂಡ್ರೆ ಅಕ್ಷರ ಸಾಲಾಗಿ ಬರ್ತವೆ. ಮಾಡ್ಲಾ?"

ಒಂದು ಸ್ಕೂಟರ್ ಸದ್ದು ಮಾಡುತ್ತ ಹಾದುಹೋಯಿತು. ನಿಶಾನ್ ಸಿಂಗ್ ಹೂಂ ಎಂದು ತಲೆಯಾಡಿಸಿದ. ಹೆಸರನ್ನು ಇಂಗ್ಲಿಷಿನ ದೊಡ್ಡ ಅಕ್ಷರದಲ್ಲಿ ಚೀಟಿಯ ಮೇಲೆ ಬರೆದುಕೊಟ್ಟ. ಚಹಾ ಕುಡಿದು ಬರುವುದರೊಳಗೆ ಕೆಲಸ ಮುಗಿದಿತ್ತು. ಅಕ್ಷರಗಳು ಒಂದೇ ಅಳತೆಯಲ್ಲಿ, ನೂಲು ಹಿಡಿದಂತೆ ನೇರವಾಗಿದ್ದವು.

ಭಾನುವಾರ ಮೇಜರ್ ಬಂದರು. ಬಚಿಂತ್ ಕೌರ್ ಬಾಗಿಲಲ್ಲೇ ಕಾಯುತ್ತಿದ್ದಳು. ಹಳದಿ ಬಟ್ಟೆ ಬಿಚ್ಚಿ ತಾನೇ ಎತ್ತಿ ಹಿಡಿದಳು.

ಮೇಜರ್ ಕ್ಯಾಮೆರಾದ ಚೀಲವನ್ನು ಹೆಗಲಿನಿಂದ ಇಳಿಸಲಿಲ್ಲ.

"ಯಾರು ಮಾಡಿದ್ದು ಬೇಬೆ?"

"ಜಂಡಿಯಾಲಾದೋರು. ಚೆನ್ನಾಗಿಲ್ವಾ?"

"ಚೆನ್ನಾಗಿದೆ."

"ಫೋಟೋ ತೆಗೀರಿ ಮತ್ತೆ. ಬೆಳಕಿದೆ."

ಮೇಜರ್ ಫೋಟೋ ತೆಗೆದರು. ಅವಳು ಬಿಲ್ಲೆ ಹಿಡಿದು ನಿಂತದ್ದನ್ನೂ ತೆಗೆದರು. ಚಹಾ ಕುಡಿದರು. ನಿಶಾನ್ ಸಿಂಗ್ ಕಾರಿನ ತನಕ ಹೋದ. ಅಲ್ಲಿ ಮೇಜರ್ ಕೇಳಿದರು.

"ಆ ಎರಡು ಅಕ್ಷರ?"

"ಅರ ಹಾಕಿ ಸಮ ಮಾಡಿದ್ರು. ಸಾಲು ಸರಿಯಾಗಿ ಬರಬೇಕಲ್ಲ."

"ನನ್ನ ಕೈಲಿದ್ದಿದ್ದು ಅದೊಂದೇ."

ನಿಶಾನ್ ಸಿಂಗನಿಗೆ ಅರ್ಥವಾಗಲು ಒಂದು ಕ್ಷಣ ಬೇಕಾಯಿತು. "ನೀವು ಹೇಳ್ಲಿಲ್ಲ."

"ಹೇಳ್ಲಿಲ್ಲ," ಎಂದರು ಮೇಜರ್. "ಈಗ ಇದನ್ನ ಸಮಿತಿ ಮುಂದೆ ಇಟ್ರೆ, ಹಳೇ ಸಾಮಾನಿನ ಅಂಗಡೀಲಿ ಬಿಲ್ಲೆ ತಗೊಂಡು ಬೇಕಾದ ಹೆಸರು ಕೊರೆಸಿದಾರೆ ಅಂತಾರೆ. ಲಖ್ಮೀರ್ ಸಿಂಗ್ ಮೊದಲು ಹೇಳ್ತಾನೆ."

"ನಾವು ಕೊಂಡು ತಂದಿದ್ದಲ್ಲ."

"ನನಗೆ ಗೊತ್ತು."

"ಗೊತ್ತಿದ್ರೆ ಬರೀರಿ ಸಾಹೇಬರೇ. ಪುಸ್ತಕ ನಿಮ್ದು ತಾನೆ."

"ನನಗೆ ಗೊತ್ತು ಅಂತ ಬರೆದ್ರೆ, ಏಣಿಯಿಂದ ಬಿದ್ದು ಸತ್ತೋನೂ ಹುತಾತ್ಮ ಆಗ್ತಾನೆ ಹವಲ್ದಾರ್. ಆಗಿದಾನೆ. ನಾನೇ ಮಾಡಿದೀನಿ."

"ಬಿಲ್ಲೆ ತಗೊಂಡು ಹೋಗಿ ಚಂಡೀಗಢದಲ್ಲಿ ಎಲ್ಲಾದ್ರೂ ತೋರಿಸೋಕಾಗಲ್ವಾ? ಯಂತ್ರ ಇರುತ್ತಲ್ಲ."

"ಅಚ್ಚೊತ್ತಿದ ಅಕ್ಷರ ಆದ್ರೆ ಅಳಿಸಿದ ಮೇಲೂ ಒಳಗೆ ಗುರುತು ಇರುತ್ತಂತೆ. ಇದು ಎರಕ. ಮೇಲಿದ್ದಿದ್ದು ಹೋದ್ರೆ ಒಳಗೇನೂ ಇರಲ್ಲ. ವಿಚಾರಿಸಿದೀನಿ."

ಕಾರು ಹೋಯಿತು. ತಾಯಿ ಅಂಗಳದಿಂದ ಕೈ ಬೀಸುತ್ತಿದ್ದಳು.

ನವೆಂಬರ್ ಹನ್ನೊಂದರಂದು ಕಲ್ಲು ತೆರೆದರು. ಅದಕ್ಕೂ ಮುಂಚೆ ಸಮಿತಿ ಸಭೆ ಸೇರಿತ್ತು. ಹಳೆಯ ಹಲಗೆ ಏಳು ಅನ್ನುತ್ತದೆ, ಹೊಸ ಕಲ್ಲಿನಲ್ಲಿ ಆರಿದ್ದರೆ ನೋಡಿದವರು ಏನೆಂದಾರು ಎಂಬ ಪ್ರಶ್ನೆ ಬಂತು. ಕಂಚಿನ ಬಿಲ್ಲೆಯ ವಿಷಯವನ್ನು ಮೇಜರ್ ತಾವೇ ಎತ್ತಿದರು. ಹೆಸರು ಹೊಸದಾಗಿ ಕೊರೆದದ್ದೆಂದೂ ಮುಚ್ಚಿಡದೆ ಹೇಳಿದರು. ಆಮೇಲೆ ಯಾರೂ ಅವರ ಮಾತು ಪೂರ್ತಿ ಕೇಳಲಿಲ್ಲ. ಫೋಟೋದಲ್ಲಿ ಕಡೇಪಕ್ಷ ಮನುಷ್ಯನಾದರೂ ಇದ್ದಾನೆ ಎಂದು ಲಖ್ಮೀರ್ ಸಿಂಗ್ ಹೇಳಿದ. ಏಳನೆಯ ಹೆಸರು ಅವನ ಅಜ್ಜನ ಅಣ್ಣನದಾಯಿತು. ಮೇಜರ್ ಸಮಾರಂಭಕ್ಕೆ ಬರಲಿಲ್ಲ. ಮುಂದಿನ ವರ್ಷ ಬಂದ ಅವರ ಪುಸ್ತಕದಲ್ಲಿ ಕೋಟ್ ಬೂಟಾದ ಆರು ಹೆಸರುಗಳಿವೆ. ಏಳನೆಯವನು ಯಾರೆಂದು ಖಚಿತಪಡಿಸಲು ಆಗಲಿಲ್ಲ ಎಂದು ಒಂದು ವಾಕ್ಯವಿದೆ.

ಬಚಿಂತ್ ಕೌರ್ ಸಮಾರಂಭಕ್ಕೆ ಹೋದಳು. ಸಮಿತಿ ಒಪ್ಪಲಿಲ್ಲ ಎಂದು ಮಗ ಹೇಳಿದ್ದ, ಯಾಕೆಂದು ಹೇಳಿರಲಿಲ್ಲ. ಅರ್ದಾಸ್ ಪ್ರಾರ್ಥನೆ ಆಯಿತು, ಕಡಾಹ್ ಪ್ರಸಾದ ಹಂಚಿದರು. ಜನ ಚದುರಿದ ಮೇಲೆ ಅವಳು ಕಲ್ಲಿನ ಬಳಿ ಹೋಗಿ, ಅಲ್ಲಿ ನಿಂತಿದ್ದ ಶಾಲೆಯ ಟೀಚರನ್ನು ಓದಲು ಕೇಳಿದಳು. ಟೀಚರ್ ಏಳೂ ಹೆಸರನ್ನು ನಿಧಾನವಾಗಿ ಓದಿದಳು.

"ಕೊನೇದು ಇನ್ನೊಂದ್ಸಲ ಓದಮ್ಮ."

ಟೀಚರ್ ಓದಿದಳು.

"ಹೂಂ," ಎಂದು ಬಚಿಂತ್ ಕೌರ್ ತಲೆಯ ಮೇಲಿನ ಚುನ್ನಿ ಸರಿಮಾಡಿಕೊಂಡು ಮನೆಗೆ ನಡೆದಳು.

ಅದೇ ವಾರ ಮಘ್ಘರ್ ತಿಂಗಳ ಸಂಗ್ರಾಂದ್ ಬಂತು. ಬೆಳಿಗ್ಗೆ ನಿಶಾನ್ ಸಿಂಗ್ ಡ್ಯೂಟಿಗೆ ಹೊರಡುವಾಗ ತಾಯಿ ಅಂಗಳದಲ್ಲಿ ಕೂತಿದ್ದಳು. ಮುಂದೆ ಬೂದಿಯ ತಟ್ಟೆ, ಮಜ್ಜಿಗೆ, ಸೆಣಬಿನ ಉಂಡೆ. ತೊಡೆಯ ಮೇಲೆ ಬಿಲ್ಲೆ.

"ಬಿಡು ಬೇಬೆ. ಹೊಳೀತಾನೇ ಇದೆಯಲ್ಲ."

"ಒಂದು ಮಾತು ಹೇಳು. ನಾನು ತೊಳೆದಿದ್ದಕ್ಕೆ ಹೀಗಾಯ್ತಾ, ನೀನು ಬರೆಸಿದ್ದಕ್ಕಾ?"

"ಎರಡಕ್ಕೂ ಅಲ್ಲ."

"ಇಷ್ಟು ವರ್ಷ ಪಲ್ಟಣದಲ್ಲಿದ್ದು ಸುಳ್ಳು ಹೇಳೋದೂ ಕಲೀಲಿಲ್ಲ ನೀನು."

ಅವನು ಸೈಕಲ್ ಹಿಡಿದು ನಿಂತೇ ಇದ್ದ. ಅವಳು ಬೂದಿ ಹಚ್ಚಿ ಉಜ್ಜಿದಳು. ಮೊದಲಿನ ಹಾಗೆ ಒತ್ತಲಿಲ್ಲ. ನೀರು ಹಾಕಿದಾಗ ಬೂದಿ ಇಳಿದುಹೋಯಿತು, ಕೊರೆದ ಅಕ್ಷರಗಳೊಳಗೆ ಮಾತ್ರ ಕೂತುಬಿಟ್ಟಿತು. ಬೆಳ್ಳಗೆ, ಬಾಗಿಲಿನಿಂದಲೇ ಓದುವಷ್ಟು ಸ್ಪಷ್ಟವಾಗಿ ಹೆಸರು ಕಾಣುತ್ತಿತ್ತು. ಅವಳು ಬಟ್ಟೆಯಿಂದ ಒರೆಸಿದಳು, ಹೋಗಲಿಲ್ಲ. ಪೊರಕೆಯ ಕಡ್ಡಿ ಮುರಿದು ಒಂದು ಅಕ್ಷರವನ್ನು ಕೆದಕಿದಳು. ಕಣ್ಣು ಸಾಲಲಿಲ್ಲ. ಕಡ್ಡಿ ಬಿಸಾಡಿ, ಬೂದಿ ಇದ್ದ ಹಾಗೆಯೇ ಬಿಲ್ಲೆಯನ್ನು ಹಳದಿ ಬಟ್ಟೆಯಲ್ಲಿ ಸುತ್ತಿ ಪೆಟ್ಟಿಗೆಯ ತಳಕ್ಕೆ, ಚಳಿಗಾಲದ ರಜಾಯಿಗಳು ಇರುತ್ತಿದ್ದ ಕಡೆ ಇಟ್ಟಳು.

ಪೋಹ್ ತಿಂಗಳ ಸಂಗ್ರಾಂದ್‌ಗೆ ಅವಳು ಅದನ್ನು ತೆಗೆಯಲಿಲ್ಲ. ಆಮೇಲೆಯೂ ತೆಗೆಯಲಿಲ್ಲ.